ಬಾಣೆಯ ಮರಗಳ ಹಕ್ಕು: ಕಂದಾಯ ಸಚಿವರಿಗೊಂದು ಬಹಿರಂಗ ಪತ್ರ

ಮಾನ್ಯ ಕಂದಾಯ ಸಚಿವರೇ,

ಕೊಡಗಿನ ‘ಅನ್‌ರಿಡೀಮ್ಡ್’ ಜಮೀನುಗಳ ವಿಚಾರ ತಮ್ಮ ಮುಂದಿಡುತ್ತಿದ್ದೇನೆ. ಗದ್ದೆಗೆ ಸೊಪ್ಪು, ಒಲೆಗೆ ಸೌದೆ, ದನಕ್ಕೆ ಮೇವು ಸಿಗಲೆಂದು ಗದ್ದೆಯ ಜೊತೆಗೆ ಬಾಣೆ, ಅಂದರೆ ಮರಗಳಿರುವ ಒಣಭೂಮಿ, ಬಿಟ್ಟುಕೊಡುವ ಪದ್ಧತಿ ಕೊಡಗಿನ ರಾಜರ ಕಾಲದ್ದು. ಮುಂದೆ ಆ ಬಾಣೆಗಳಿಗೆ ಕಾಫಿ ಬಂತು, ಇದ್ದ ಮರಗಳ ನೆರಳಲ್ಲೇ ಬಂತು. ಮರದ ಬೆಲೆಯನ್ನು ಸರ್ಕಾರಕ್ಕೆ ಕಟ್ಟಿದವರ ಜಮೀನು ‘ರಿಡೀಮ್ಡ್’, ಕಟ್ಟದವರದ್ದು ‘ಅನ್‌ರಿಡೀಮ್ಡ್’. ಬ್ರಿಟಿಷರ ಆಡಳಿತದ ಈ ವಿಂಗಡಣೆ 1956ರಲ್ಲಿ ಕೊಡಗು ಮೈಸೂರು ರಾಜ್ಯಕ್ಕೆ ಸೇರಿದ ಮೇಲೂ ಅಳಿಯಲಿಲ್ಲ.

ಹೀಗಾಗಿ ಕಾಫಿ ಗಿಡ ರೈತನದು, ಅದಕ್ಕೆ ನೆರಳು ಕೊಡುವ ಬೀಟೆ, ಹೊನ್ನೆ, ನಂದಿ ಸರ್ಕಾರದ್ದು. ಆ ಮರಗಳ ಕೊಂಬೆ ಸವರುವ ಕಪಾತಿನ ಕೂಲಿ ರೈತನೇ ಕೊಡಬೇಕು. ಆಟಿ ತಿಂಗಳ ಮಳೆಗಾಳಿಗೆ ಮರ ಉರುಳಿ ಹತ್ತಾರು ಕಾಫಿ ಗಿಡ ನೆಲಕಚ್ಚಿದರೆ ಆ ನಷ್ಟವೂ ಅವನದೇ. ಬಿದ್ದ ನಾಟಾ ಮಾತ್ರ ಸರ್ಕಾರಕ್ಕೆ. ವಂಶಪಾರಂಪರ್ಯವಾಗಿ ಬಂದ ಜಮ್ಮಾ ಜಮೀನಿನ ಖಾತೆ, ಪಹಣಿಯ ಮಾತು ವಿಧಾನಸೌಧದಲ್ಲಿ ಆಗಾಗ ಕೇಳಿಬರುತ್ತದೆ. ಮರದ ಮಾತು ಅದರ ಜೊತೆ ಸಾಗುವುದೇ ಇಲ್ಲ.

ನನ್ನನ್ನು ಹೆಚ್ಚು ಕಾಡುವುದು ಇದರ ಪರಿಣಾಮ. ತಾನಾಗಿ ಮೊಳೆತ ಬೀಟೆ ಸಸಿಯನ್ನು ಕಂಡ ರೈತ ಅದನ್ನು ಉಳಿಸಿಕೊಳ್ಳಲು ಹೆದರುತ್ತಾನೆ. ಬೆಳೆದು ನಿಂತರೆ ಅದು ಇನ್ನೊಬ್ಬರ ಸೊತ್ತು, ಅದರ ಕಾವಲು ಮಾತ್ರ ತನ್ನದು. ಕಳೆ ತೆಗೆಯುವ ಕತ್ತಿಗೆ ಅದೂ ಸಿಗುತ್ತದೆ. ಆ ಜಾಗಕ್ಕೆ ಆಸ್ಟ್ರೇಲಿಯಾ ಮೂಲದ ಸಿಲ್ವರ್ ಓಕ್ ಬರುತ್ತದೆ. ಬೇಗ ಬೆಳೆಯುತ್ತದೆ, ಮೆಣಸಿನ ಬಳ್ಳಿ ಹಬ್ಬಿಸಬಹುದು, ಕಡಿಯಲು ಅನುಮತಿಯ ಅಲೆದಾಟವಿಲ್ಲ. ಕೊಡಗಿನ ತೋಟಗಳಲ್ಲಿ ಕಾಡುಮರಗಳು ಸರಿದು ಸಿಲ್ವರ್ ಓಕ್ ತುಂಬುತ್ತಿರುವುದನ್ನು ಅರಣ್ಯ ವಿಜ್ಞಾನಿಗಳು ಬಹಳ ಹಿಂದೆಯೇ ಗುರುತಿಸಿದ್ದಾರೆ. ಮರವನ್ನು ಕಾಪಾಡಲು ಇಟ್ಟುಕೊಂಡ ಹಕ್ಕೇ ಮರದ ಸಂತತಿಯನ್ನು ನಿಲ್ಲಿಸುತ್ತಿದೆ.

ಇದಕ್ಕೆ ಪರಿಹಾರ ನಮ್ಮ ರಾಜ್ಯದಲ್ಲೇ ಸಿಕ್ಕಿದೆ. ಟಿಪ್ಪುವಿನ ಕಾಲದಿಂದ ಗಂಧದ ಮರ ದೊರೆಯ, ಮುಂದೆ ಸರ್ಕಾರದ ಆಸ್ತಿಯಾಗಿತ್ತು. ತನ್ನ ಹೊಲದ ಬದುವಿನಲ್ಲಿ ಅದು ಹುಟ್ಟಿದರೆ ರೈತನಿಗೆ ದಿಗಿಲು. 2001ರಲ್ಲಿ ಕರ್ನಾಟಕ ಅರಣ್ಯ ಕಾಯ್ದೆಗೆ ತಿದ್ದುಪಡಿ ತಂದು, ಜಮೀನಿನಲ್ಲಿರುವ ಗಂಧದ ಮರಕ್ಕೆ ಜಮೀನುದಾರನೇ ಒಡೆಯ ಎಂದು ಬರೆಯಲಾಯಿತು. ಮಾರಾಟಕ್ಕೆ ಕಟ್ಟುಪಾಡುಗಳು ಉಳಿದವು, ಕಳ್ಳರ ಕಾಟವೂ ತಪ್ಪಲಿಲ್ಲ. ಆದರೂ ರೈತರು ತಾವಾಗಿ ಗಂಧ ನೆಡತೊಡಗಿದರು. ಗಂಧಕ್ಕೆ ಸಂದ ನ್ಯಾಯ ಬೀಟೆಗೆ ಏಕೆ ಸಲ್ಲಬಾರದು?

ಅವಸರದ ಆದೇಶ ಮಾತ್ರ ಬೇಡ. ನೆರೆಯ ಕೇರಳದಲ್ಲಿ 2020ರ ಅಕ್ಟೋಬರ್‌ನಲ್ಲಿ, ಪಟ್ಟಾ ಸಿಕ್ಕ ನಂತರ ಬೆಳೆದ ಮರಗಳನ್ನು ರೈತರು ಕಡಿಯಬಹುದೆಂಬ ಆದೇಶ ಹೊರಟಿತು. ಗಂಧ ಒಂದನ್ನು ಹೊರಗಿಟ್ಟಿದ್ದರು. ಯಾವ ಮರ ಪಟ್ಟಾಕ್ಕಿಂತ ಹಿಂದಿನದು, ಯಾವುದು ನಂತರದ್ದು ಎಂದು ಮೊದಲೇ ಗುರುತು ಹಾಕಿರಲಿಲ್ಲ. ವಯನಾಡಿನ ಮುಟ್ಟಿಲ್‌ನಲ್ಲಿ ಮರದ ವ್ಯಾಪಾರಿಗಳು ನುಗ್ಗಿ, ಹಳೆಯ ಬೀಟೆಗಳನ್ನೇ ಉರುಳಿಸಿದರು. 2021ರ ಫೆಬ್ರವರಿಯಲ್ಲಿ ಆದೇಶ ರದ್ದಾಯಿತು. ವ್ಯಾಪಾರಿಗಳ ಮಾತು ನಂಬಿ ಮರ ಕೊಟ್ಟ ಆದಿವಾಸಿಗಳೂ ಸಣ್ಣ ರೈತರೂ ಕೇಸಿನ ಭಯದಲ್ಲಿ ಬದುಕಬೇಕಾಯಿತು.

ಆದ್ದರಿಂದ ಎಣಿಕೆ ಮೊದಲಾಗಲಿ, ಹಕ್ಕು ಅದರ ಹಿಂದೆ ಬರಲಿ. ಇಂದು ನಿಂತಿರುವ ದೊಡ್ಡ ಮರಗಳಿಗೆ ಸಂಖ್ಯೆ ಹಾಕಿ, ಸುತ್ತಳತೆ ಬರೆದು ಪಹಣಿಗೆ ಸೇರಿಸಿ. ಅವುಗಳ ಬೆಲೆಯನ್ನು ರೈತ ಕಂತಿನಲ್ಲಿ ಕಟ್ಟಿ ಬಿಡಿಸಿಕೊಳ್ಳಲು ದಾರಿ ಮಾಡಿ. ಇಷ್ಟು ಕಾಲ ಕಾದು ಸಾಕಿದ್ದಕ್ಕೆ ಆ ಬೆಲೆಯಲ್ಲಿ ಅವನ ಪಾಲು ಕಳೆಯಿರಿ. ಎಣಿಕೆಯ ದಿನದಿಂದಾಚೆಗೆ ಹುಟ್ಟುವ, ನೆಡುವ ಪ್ರತಿ ಗಿಡವೂ ರೈತನದೆಂದು ಕಾಯ್ದೆಯಲ್ಲಿ ಬರೆಯಿರಿ. ಒಂದು ಹೋಬಳಿಯಿಂದ ಶುರುಮಾಡಿದರೂ ಸಾಕು. ಪೊನ್ನಂಪೇಟೆಯಲ್ಲಿ ಅರಣ್ಯ ಮಹಾವಿದ್ಯಾಲಯವಿದೆ, ಮರ ಗುರುತಿಸಬಲ್ಲ ವಿದ್ಯಾರ್ಥಿಗಳಿದ್ದಾರೆ. ಮಳೆ ಬಿಟ್ಟ ಕೂಡಲೇ ಅವರ ಜೊತೆ ಗ್ರಾಮ ಆಡಳಿತಾಧಿಕಾರಿಯನ್ನೂ ಅರಣ್ಯ ಸಿಬ್ಬಂದಿಯನ್ನೂ ನಮ್ಮ ತೋಟಗಳಿಗೆ ಕಳುಹಿಸಿಕೊಡಿ.

ಇಂತಿ,
ಕೊಡಗಿನ ಒಬ್ಬ ಕಾಫಿ ಬೆಳೆಗಾರ