ಬೋರ್ಡಿನ ಹೆಸರು ಏನೇ ಇರಲಿ, ಡಾಲ್ಫಿನ್ ಶೋ ಟಿಕೆಟ್ ಬೇಡ

ವಿದೇಶ ಪ್ರವಾಸಕ್ಕೆ ಹೊರಟ ಕನ್ನಡ ಕುಟುಂಬಗಳಿಗೆ ಒಂದು ಕರಪತ್ರ

ರಜೆ ಹತ್ತಿರ ಬಂತೆಂದರೆ ಪೇಪರಿನ ತುಂಬ ಟೂರ್ ಪ್ಯಾಕೇಜುಗಳ ಜಾಹೀರಾತು. ಐದು ರಾತ್ರಿ, ಆರು ಹಗಲು, ವೀಸಾ ಸೇರಿ, ಶುದ್ಧ ಸಸ್ಯಾಹಾರಿ ಊಟದ ವ್ಯವಸ್ಥೆ ಉಂಟು. ಮೂರನೆಯ ಅಥವಾ ನಾಲ್ಕನೆಯ ದಿನದ ಸಾಲಿನಲ್ಲಿ ಸಣ್ಣ ಅಕ್ಷರದಲ್ಲಿ ಒಂದು ಐಟಂ ಇರುತ್ತದೆ: ಡಾಲ್ಫಿನ್ ಶೋ. ಕೆಲವದರಲ್ಲಿ ‘ಡಾಲ್ಫಿನ್ ಜೊತೆ ಈಜು’ ಅಂತಲೂ ಇರುತ್ತದೆ, ಅದಕ್ಕೆ ದುಡ್ಡು ಬೇರೆ. ಈ ಕರಪತ್ರ ಆ ಒಂದು ಐಟಂ ಕುರಿತದ್ದು. ಪ್ರವಾಸ ಬೇಡ ಎನ್ನುತ್ತಿಲ್ಲ. ಹೋಗಿ ಬನ್ನಿ, ಬುರ್ಜ್ ಖಲೀಫಾ ಹತ್ತಿ, ಬ್ಯಾಂಕಾಕಿನ ಬೀದಿಗಳಲ್ಲಿ ಚೌಕಾಸಿ ಮಾಡಿ. ಆ ಟಿಕೆಟ್ ಒಂದನ್ನು ಬಿಟ್ಟುಬಿಡಿ.

ಏಕೆಂದರೆ ನಮ್ಮ ದೇಶದಲ್ಲಿ ಅಂಥ ಶೋ ನಡೆಸುವ ಜಾಗಕ್ಕೆ, ಅಂದರೆ ಡಾಲ್ಫಿನೇರಿಯಂಗೆ, ಅನುಮತಿಯೇ ಇಲ್ಲ. 2013ರ ಮೇ 17ರಂದು ಕೇಂದ್ರ ಮೃಗಾಲಯ ಪ್ರಾಧಿಕಾರ ಎಲ್ಲ ರಾಜ್ಯಗಳಿಗೂ ಸುತ್ತೋಲೆ ಹೊರಡಿಸಿತು. ಡಾಲ್ಫಿನೇರಿಯಂ ಸ್ಥಾಪಿಸುವ ಯಾವ ಪ್ರಸ್ತಾವ ಬಂದರೂ ತಿರಸ್ಕರಿಸಿ ಎಂಬುದು ಅದರ ಸಾರ. ಆಗ ಕೊಚ್ಚಿ, ನೋಯ್ಡಾ, ಮಹಾರಾಷ್ಟ್ರದ ಕೊಂಕಣ ಕರಾವಳಿ ಎಂದು ಒಂದರ ಹಿಂದೊಂದು ಯೋಜನೆ ತಯಾರಾಗುತ್ತಿತ್ತು. ಪ್ರಾಣಿದಯಾ ಸಂಘಟನೆಗಳು ಬೀದಿಗಿಳಿದವು, ಪತ್ರ ಬರೆದವು, ಯೋಜನೆಗಳು ನಿಂತವು.

ಸರ್ಕಾರದ ಮುಂದೆ ಒಂದು ಹಳೆಯ ಪಾಠವೂ ಇತ್ತು. 1998ರಲ್ಲಿ ಚೆನ್ನೈ ಹತ್ತಿರದ ‘ಡಾಲ್ಫಿನ್ ಸಿಟಿ’ಗೆ ಬಲ್ಗೇರಿಯಾದಿಂದ ಡಾಲ್ಫಿನ್‌ಗಳನ್ನು ತರಿಸಿದ್ದರು. ಕೆಲವೇ ತಿಂಗಳಲ್ಲಿ ಅವು ಸತ್ತವು. ಕರಿಸಮುದ್ರದ ತಂಪಿನಿಂದ ಕೋರಮಂಡಲದ ಸೆಕೆಗೆ ಸಾಗಿಸಿ ತಂದ ಜೀವಗಳು. ಅಲ್ಲಿಗೆ ಭಾರತದ ಡಾಲ್ಫಿನ್ ಶೋ ಅಧ್ಯಾಯ ಮುಗಿಯಿತು.

ಆ ಸುತ್ತೋಲೆಯ ಬಗ್ಗೆ ವಾಟ್ಸಾಪಿನಲ್ಲಿ ಒಂದು ಮಾತು ಈಗಲೂ ಓಡಾಡುತ್ತಿದೆ: ‘ಭಾರತ ಸರ್ಕಾರ ಡಾಲ್ಫಿನ್‌ಗೆ ವ್ಯಕ್ತಿಯ ಸ್ಥಾನ ಕೊಟ್ಟಿದೆ’ ಅಂತ. ಅದು ಸರಿಯಲ್ಲ. ಡಾಲ್ಫಿನ್‌ಗಳನ್ನು ‘ಮಾನವೇತರ ವ್ಯಕ್ತಿ’ಗಳೆಂದು ಕಾಣಬೇಕು ಎಂದು ಕೆಲವು ವಿಜ್ಞಾನಿಗಳು ಸೂಚಿಸಿದ್ದಾರೆ, ಮನರಂಜನೆಗಾಗಿ ಅವನ್ನು ಸೆರೆಯಲ್ಲಿಡುವುದು ನೈತಿಕವಾಗಿ ಒಪ್ಪತಕ್ಕದ್ದಲ್ಲ ಎಂಬುದು ಆ ಸುತ್ತೋಲೆಯಲ್ಲಿರುವ ಮಾತು. ಕಾನೂನಿನ ಕಣ್ಣಿನಲ್ಲಿ ವ್ಯಕ್ತಿ ಎಂದು ಘೋಷಿಸಿದ್ದಲ್ಲ. ಒಳ್ಳೆಯ ವಾದಕ್ಕೆ ಉತ್ಪ್ರೇಕ್ಷೆಯ ಊರುಗೋಲು ಯಾಕೆ? ಇದ್ದದ್ದನ್ನು ಇದ್ದಂತೆ ಹೇಳಿದರೂ ಅದು ಗಟ್ಟಿಯಾಗಿಯೇ ನಿಲ್ಲುತ್ತದೆ.

ಇನ್ನು ಹೆಸರಿನ ವಿಚಾರ. ಈ ವ್ಯಾಪಾರ ಬದುಕಿರುವುದೇ ಹೆಸರಿನ ಮೇಲೆ.

‘-ಏರಿಯಂ’ ಎಂಬ ಲ್ಯಾಟಿನ್ ಬಾಲಕ್ಕೆ ಇರಿಸುವ ಜಾಗ ಎಂದರ್ಥ. 1850ರ ದಶಕದಲ್ಲಿ ಇಂಗ್ಲೆಂಡಿನ ನಿಸರ್ಗತಜ್ಞ ಫಿಲಿಪ್ ಹೆನ್ರಿ ಗಾಸ್ ಗಾಜಿನ ತೊಟ್ಟಿಗೆ ‘ಅಕ್ವೇರಿಯಂ’ ಎಂಬ ಹೆಸರನ್ನು ಚಾಲ್ತಿಗೆ ತಂದ. 1938ರಲ್ಲಿ ಅಮೆರಿಕದ ಫ್ಲಾರಿಡಾದಲ್ಲಿ, ಸೇಂಟ್ ಅಗಸ್ಟೀನ್ ಪಟ್ಟಣದ ಬಳಿ ‘ಮೆರೀನ್ ಸ್ಟುಡಿಯೋಸ್’ ಬಾಗಿಲು ತೆರೆಯಿತು. ನೀರಿನೊಳಗಿನ ದೃಶ್ಯ ಚಿತ್ರೀಕರಿಸಲು ಕಟ್ಟಿಸಿದ ಜಾಗ ಅದು. ಕಟ್ಟಿದವರಲ್ಲಿ ಒಬ್ಬ ಲಿಯೋ ಟಾಲ್‌ಸ್ಟಾಯ್ ಅವರ ಮೊಮ್ಮಗ ಇಲ್ಯಾ ಟಾಲ್‌ಸ್ಟಾಯ್. ತಮ್ಮ ತೊಟ್ಟಿ ದೊಡ್ಡದು ಅಂತ ಅವರು ಅದನ್ನು ‘ಓಷನೇರಿಯಂ’ ಎಂದು ಕರೆದುಕೊಂಡರು. ಸಿನಿಮಾಕ್ಕಿಂತ ಡಾಲ್ಫಿನ್ ನೋಡುವವರೇ ಹೆಚ್ಚಾದರು. 1960ರ ದಶಕದಲ್ಲಿ ‘ಫ್ಲಿಪ್ಪರ್’ ಸಿನಿಮಾ, ಆಮೇಲೆ ಅದೇ ಹೆಸರಿನ ಟೀವಿ ಧಾರಾವಾಹಿ ಬಂದ ಮೇಲಂತೂ ಊರೂರಿನಲ್ಲಿ ಡಾಲ್ಫಿನೇರಿಯಂ ಎದ್ದವು. ಬ್ರಿಟನ್ನಿನಲ್ಲೇ ಒಂದು ಕಾಲಕ್ಕೆ ಸುಮಾರು 30 ಇದ್ದವು.

ಆ ಧಾರಾವಾಹಿಗೆ ಡಾಲ್ಫಿನ್‌ಗಳನ್ನು ಪಳಗಿಸಿದವರು ರಿಕ್ ಓಬ್ಯಾರಿ. ಅವುಗಳಲ್ಲಿ ಒಂದಾದ ಕ್ಯಾಥಿ 1970ರಲ್ಲಿ ಸತ್ತ ಮೇಲೆ ಅವರು ಆ ಕಸುಬನ್ನೇ ಬಿಟ್ಟರು. ಅಂದಿನಿಂದ ಇಂದಿನವರೆಗೆ ಡಾಲ್ಫಿನ್ ಬಿಡುಗಡೆಗೇ ದುಡಿಯುತ್ತಿದ್ದಾರೆ. ಪಳಗಿಸಿದವನೇ ಬೇಡ ಎಂದ ಮೇಲೆ ಈ ಉದ್ಯಮದ ಬಣ್ಣ ಮಾಸತೊಡಗಿತು. ಬ್ರಿಟನ್ ನಿಷೇಧ ಹೇರಲಿಲ್ಲ, ಕೊಳ ಇಷ್ಟು ದೊಡ್ಡದಿರಬೇಕು, ಇಷ್ಟು ಆಳ ಇರಬೇಕು ಎಂಬ ನಿಯಮ ಬಿಗಿ ಮಾಡಿತು, ಅಷ್ಟೆ. 1993ರ ಹೊತ್ತಿಗೆ ಕೊನೆಯದೂ ಮುಚ್ಚಿತು. ಡಾಲ್ಫಿನ್‌ಗೆ ಸಾಕಾಗುವ ಜಾಗ ಕೊಟ್ಟರೆ ಲಾಭ ಗಿಟ್ಟುವುದಿಲ್ಲ ಎಂಬ ಲೆಕ್ಕ ಅಲ್ಲಿಗೇ ಸ್ಪಷ್ಟವಾಯಿತು.

ಈಗಿನ ಬೋರ್ಡುಗಳನ್ನು ನೋಡಿ. ‘ಬೇ’, ಅಂದರೆ ಕೊಲ್ಲಿ. ‘ಲಗೂನ್’, ‘ಐಲ್ಯಾಂಡ್’. ಎಲ್ಲವೂ ತೆರೆದ ಕಡಲಿನ ಹೆಸರುಗಳೇ. ಒಳಗೆ ಇರುವುದು ಪಂಪು, ಫಿಲ್ಟರು, ಸಿಮೆಂಟಿನ ದಡ. ದುಬೈ ಕ್ರೀಕ್ ಪಾರ್ಕಿನಲ್ಲಿ 2008ರಲ್ಲಿ ತೆರೆದದ್ದು ಡಾಲ್ಫಿನೇರಿಯಂ ಎಂದು ನೇರವಾಗಿಯಾದರೂ ಹೆಸರು ಹಾಕಿಕೊಂಡಿತು. ಅದೇ ದುಬೈನ ಅಟ್ಲಾಂಟಿಸ್ ಹೋಟೆಲಿನದು ‘ಡಾಲ್ಫಿನ್ ಬೇ’. ಆ ಕೊಲ್ಲಿಗಾಗಿ 2007ರ ಅಕ್ಟೋಬರಿನಲ್ಲಿ ಪೆಸಿಫಿಕ್ ಸಾಗರದ ಸೊಲೊಮನ್ ದ್ವೀಪಗಳಿಂದ 28 ಡಾಲ್ಫಿನ್‌ಗಳನ್ನು ಹಿಡಿದು ವಿಮಾನದಲ್ಲಿ ಸಾಗಿಸಿದರು. ಯಾವ ಕೊಲ್ಲಿಗೆ ಡಾಲ್ಫಿನ್ ವಿಮಾನದಲ್ಲಿ ಬರುತ್ತದೆ?

ನಮ್ಮ ಸುತ್ತೋಲೆ ಬರೆದವರು ಈ ವಿಷಯದಲ್ಲಿ ಜಾಣರು. ಅವರು ಬೋರ್ಡಿನ ಹೆಸರಿಗೆ ಜೋತುಬೀಳಲಿಲ್ಲ. ವಾಣಿಜ್ಯ ಮನರಂಜನೆ, ಖಾಸಗಿ ಅಥವಾ ಸಾರ್ವಜನಿಕ ಪ್ರದರ್ಶನ, ಡಾಲ್ಫಿನ್ ಜೊತೆ ಒಡನಾಟ, ಇವುಗಳಲ್ಲಿ ಯಾವುದಕ್ಕೂ ತಿಮಿಂಗಿಲ-ಡಾಲ್ಫಿನ್ ಜಾತಿಯ ಪ್ರಾಣಿಗಳನ್ನು ಹಿಡಿಯುವ, ಆಮದು ಮಾಡುವ ಯೋಜನೆಗೆ ಒಪ್ಪಿಗೆ ಇಲ್ಲ ಎಂದರು. ನಾಳೆ ಯಾರಾದರೂ ‘ಡಾಲ್ಫಿನ್ ಧಾಮ’ ಎಂದು ಹೆಸರಿಟ್ಟುಕೊಂಡು ಬಂದರೂ ಅದೇ ಬಾಗಿಲು ಮುಚ್ಚಿರುತ್ತದೆ. ರಂಗನತಿಟ್ಟು ಪಕ್ಷಿಧಾಮ, ದಾಂಡೇಲಿ ವನ್ಯಧಾಮ ಎನ್ನುವ ಬಾಯಲ್ಲಿ ತೊಟ್ಟಿಯನ್ನು ಧಾಮ ಎನ್ನಲಾಗದು. ಕನ್ನಡ ಪತ್ರಿಕೆಗಳು, ಟೂರ್ ಜಾಹೀರಾತು ಬರೆಯುವವರು ‘ಡಾಲ್ಫಿನೇರಿಯಂ’ ಎಂದೇ ಬರೆಯಲಿ. ಸರ್ಕಾರಿ ಆದೇಶದಲ್ಲಿರುವ ಪದವೂ ಅದೇ. ಈಜು, ಮುತ್ತು, ಚಿಕಿತ್ಸೆ, ಚಿತ್ರಕಲೆ, ಒಳಗೆ ನಡೆಯುವುದು ಯಾವುದಾದರೂ ಸರಿ, ನಡೆಯುವ ಜಾಗ ಡಾಲ್ಫಿನೇರಿಯಂ.

ಚಿಕಿತ್ಸೆಯ ಮಾತು ಬಂದಾಗ ಸ್ವಲ್ಪ ನಿಲ್ಲಬೇಕು. ಆಟಿಸಂ ಇರುವ ಮಕ್ಕಳಿಗೆ ಡಾಲ್ಫಿನ್ ಜೊತೆ ಈಜಿಸಿದರೆ ಗುಣವಾಗುತ್ತದೆ ಎಂದು ಆಸೆ ಹುಟ್ಟಿಸಿ ದೊಡ್ಡ ಮೊತ್ತ ವಸೂಲು ಮಾಡುವವರಿದ್ದಾರೆ. ಲೋರಿ ಮರೀನೊ ಮತ್ತು ಸ್ಕಾಟ್ ಲಿಲಿಯನ್‌ಫೆಲ್ಡ್ ಎಂಬ ಇಬ್ಬರು ವಿಜ್ಞಾನಿಗಳು ಇದರ ಪರವಾಗಿ ಬಂದ ಅಧ್ಯಯನಗಳನ್ನು 1998ರಲ್ಲೊಮ್ಮೆ, 2007ರಲ್ಲಿ ಮತ್ತೊಮ್ಮೆ ಜಾಲಾಡಿದರು. ಅಧ್ಯಯನಗಳ ವಿಧಾನವೇ ದೋಷಪೂರಿತ, ಶಾಶ್ವತ ಗುಣ ಕಂಡದ್ದಕ್ಕೆ ಆಧಾರವಿಲ್ಲ ಎಂಬುದು ಅವರ ತೀರ್ಮಾನ. ಮಗುವಿಗಾಗಿ ಸಾಲ ಮಾಡಿಯಾದರೂ ಹೋಗುವ ತಂದೆತಾಯಿಯನ್ನು ನಾವು ದೂರುವುದಿಲ್ಲ. ಅವರ ಕಷ್ಟವನ್ನೇ ಸರಕು ಮಾಡಿಕೊಂಡವರ ಮೇಲೆ ನಮ್ಮ ಸಿಟ್ಟು.

ತೊಟ್ಟಿಯ ಒಳಗನ್ನೂ ಒಮ್ಮೆ ನೋಡೋಣ. ಅಮೆರಿಕದ ಮಯಾಮಿಯಲ್ಲಿ ಲೊಲಿಟಾ ಎಂಬ ಒಂದು ಓರ್ಕಾ ಇತ್ತು. ಓರ್ಕಾವನ್ನು ತಿಮಿಂಗಿಲ ಅಂತ ಕರೆದರೂ ಅದು ಡಾಲ್ಫಿನ್ ಕುಟುಂಬದ್ದೇ, ಅದರಲ್ಲಿ ಎಲ್ಲಕ್ಕಿಂತ ದೊಡ್ಡದು. 1970ರಲ್ಲಿ ವಾಷಿಂಗ್ಟನ್ ರಾಜ್ಯದ ಪೆನ್ ಕೋವ್‌ನಲ್ಲಿ ಮರಿಯಾಗಿದ್ದಾಗ ಹಿಡಿದದ್ದು. ಅದರ ತೊಟ್ಟಿಯ ಅಳತೆ 80 ಅಡಿ ಉದ್ದ, 35 ಅಡಿ ಅಗಲ, ಅತಿ ಆಳದಲ್ಲಿ 20 ಅಡಿ. ಬೆಂಗಳೂರಿನ ಭಾಷೆಯಲ್ಲಿ ಹೇಳುವುದಾದರೆ ಎರಡು ತರ್ಟಿ-ಫಾರ್ಟಿ ಸೈಟಿಗಿಂತ ಚೂರು ಹೆಚ್ಚು. ಲೊಲಿಟಾದ ಉದ್ದವೇ 20 ಅಡಿ. ಹಿಡಿದ ಐವತ್ತಮೂರು ವರ್ಷಕ್ಕೆ, 2023ರ ಆಗಸ್ಟ್‌ನಲ್ಲಿ, ಅದು ಸತ್ತಿತು. ಹುಟ್ಟಿದ ಕಡಲಿಗೆ ಮರಳಿಸುವ ಸಿದ್ಧತೆ ಆಗಷ್ಟೇ ಶುರುವಾಗಿತ್ತು.

ಶೋ ನಡೆಯುವಾಗ ಮಕ್ಕಳೆಲ್ಲ ಡಾಲ್ಫಿನ್‌ನ ಮುಖ ನೋಡುತ್ತಾರೆ. ನೀವು ಟ್ರೇನರನ ಸೊಂಟ ನೋಡಿ, ಅಲ್ಲೊಂದು ಮೀನಿನ ಡಬ್ಬಿ ಇರುತ್ತದೆ. ಜಿಗಿತ, ಸೀಟಿ, ಮೀನು. ಮತ್ತೆ ಜಿಗಿತ, ಸೀಟಿ, ಮೀನು. ಆ ಮೀನು ಫ್ರೀಜರಿನದು. ಕರಗುವಾಗ ಅದರ ಸತ್ವ ಕಳೆಯುತ್ತದೆ, ಅದಕ್ಕೇ ಬೆಳಗ್ಗೆ ಮೀನಿನ ಕಿವಿರಿನೊಳಗೆ ವಿಟಮಿನ್ ಗುಳಿಗೆ ತುರುಕಿ ತಿನ್ನಿಸುವುದು ಇಂಥ ಕಡೆ ರೂಢಿ. ಕಡಲಿನಲ್ಲಿ ಡಾಲ್ಫಿನ್ ಬೇಟೆಯಾಡುವುದು ಶಬ್ದದ ಬಲದಿಂದ. ‘ಟಿಕ್ ಟಿಕ್’ ಎಂಬ ಧ್ವನಿ ಬಿಟ್ಟು, ಪ್ರತಿಧ್ವನಿ ಕೇಳಿ, ಕತ್ತಲಲ್ಲೂ ಮೀನಿನ ಜಾಡು ಹಿಡಿಯುತ್ತದೆ. ನಾಲ್ಕು ಗೋಡೆಯ ತೊಟ್ಟಿಯಲ್ಲಿ ಕೈಯಿಂದ ಬೀಳುವ ಸತ್ತ ಮೀನಿಗೆ ಆ ವಿದ್ಯೆಯಿಂದ ಏನಾಗಬೇಕು? ಇನ್ನು ಅದರ ನಗು. ಡಾಲ್ಫಿನ್‌ನ ದವಡೆಯೇ ಹಾಗೆ ಬಾಗಿರುವುದು, ಅದು ಸತ್ತಾಗಲೂ ನಕ್ಕಂತೆಯೇ ಕಾಣುತ್ತದೆ. ಟಿಕೆಟ್ ಮಾರುವವರಿಗೆ ಇದಕ್ಕಿಂತ ಅನುಕೂಲ ಬೇರೇನು ಬೇಕು!

ಎದುರು ವಾದಗಳು ಇಲ್ಲದಿಲ್ಲ. ‘ಮಕ್ಕಳು ಕಲಿಯುತ್ತಾರೆ’ ಎನ್ನುತ್ತಾರೆ. ಮೂಗಿನ ಮೇಲೆ ಚೆಂಡು ಆಡಿಸುವುದನ್ನು ನೋಡಿ ಕಡಲಿನ ಬಗ್ಗೆ ಏನು ಕಲಿತಂತಾಯಿತು? ‘ವಿಜ್ಞಾನಕ್ಕೆ ಬೇಕು’ ಎಂಬುದರಲ್ಲಿ ಸ್ವಲ್ಪ ಹುರುಳಿದೆ, ಒಪ್ಪೋಣ. ಡಾಲ್ಫಿನ್ ಕನ್ನಡಿಯಲ್ಲಿ ತನ್ನನ್ನೇ ಗುರುತಿಸಿಕೊಳ್ಳುತ್ತದೆ ಎಂದು ಡಯಾನಾ ರೀಸ್ ಮತ್ತು ಮೇಲೆ ಹೇಳಿದ ಲೋರಿ ಮರೀನೊ 2001ರಲ್ಲಿ ತೋರಿಸಿಕೊಟ್ಟದ್ದು ನ್ಯೂಯಾರ್ಕಿನ ಅಕ್ವೇರಿಯಂನ ಎರಡು ಡಾಲ್ಫಿನ್‌ಗಳಿಂದಲೇ. ಆದರೆ ಮುಂದೆ ಸೆರೆಯ ಡಾಲ್ಫಿನ್‌ಗಳ ಮೇಲೆ ಇನ್ನು ಸಂಶೋಧನೆ ಮಾಡುವುದಿಲ್ಲ ಎಂದು ನಿರ್ಧರಿಸಿದವರೂ ಇದೇ ಮರೀನೊ. ಯಾರು ಬಲ್ಲರೋ ಅವರೇ ಹಿಂದೆ ಸರಿದರು.

‘ಅಲ್ಲೇ ಹುಟ್ಟಿದವನ್ನು ಕಡಲಿಗೆ ಬಿಟ್ಟರೆ ಸಾಯುತ್ತವೆ’ ಎಂಬುದು ಇನ್ನೊಂದು ಮಾತು. ಎಲ್ಲವನ್ನೂ ನಾಳೆಯೇ ಕಡಲಿಗೆ ಸುರಿಯಿರಿ ಎಂದು ಯಾರೂ ಕೇಳಿಲ್ಲ. ಹೊಸದಾಗಿ ಹಿಡಿಯಬೇಡಿ, ಮರಿ ಮಾಡಿಸಬೇಡಿ, ಆಡಿಸಬೇಡಿ. ಇದ್ದವಕ್ಕೆ ಬಲೆ ಕಟ್ಟಿದ ಕಡಲ ಹಿನ್ನೀರಿನಲ್ಲಿ ನಿವೃತ್ತಿ ಕೊಡಿ. ಕಡಲಿನಿಂದ ಹಿಡಿದು ತಂದವಾದರೆ ಮರಳುವ ದಾರಿಯೂ ಉಂಟು. ದಕ್ಷಿಣ ಕೊರಿಯಾದ ಜೆಡೊಲ್ ಕತೆ ನೋಡಿ. ಜೆಜು ದ್ವೀಪದ ಬಳಿ ಅಕ್ರಮವಾಗಿ ಹಿಡಿದ ಈ ಡಾಲ್ಫಿನ್ ಸೋಲ್ ನಗರದ ಮೃಗಾಲಯದಲ್ಲಿ ಶೋ ಕೊಡುತ್ತಿತ್ತು. ಜನ ಕೇಳಿದರು, ನಗರಾಡಳಿತ ಒಪ್ಪಿತು, ಕಡಲ ಪಂಜರದಲ್ಲಿ ಜೀವಂತ ಮೀನು ಹಿಡಿಯುವ ಅಭ್ಯಾಸ ಮಾಡಿಸಿದರು. 2013ರ ಜುಲೈನಲ್ಲಿ, ನಮ್ಮ ಸುತ್ತೋಲೆ ಬಂದ ಎರಡೇ ತಿಂಗಳಿಗೆ, ಬೆನ್ನುರೆಕ್ಕೆಯ ಮೇಲೆ ‘1’ ಎಂಬ ಗುರುತು ಹಾಕಿ ಜೆಜು ಕಡಲಿಗೇ ಬಿಟ್ಟರು. ಅದು ಕಾಡು ಡಾಲ್ಫಿನ್‌ಗಳ ಗುಂಪು ಸೇರಿಕೊಂಡಿತು. ಬಾಲಿಯಲ್ಲೂ ಹೋಟೆಲಿನ ಈಜುಕೊಳದಿಂದ ಬಿಡಿಸಿದ ಮೂರು ಡಾಲ್ಫಿನ್‌ಗಳು 2022ರಲ್ಲಿ ಕಡಲಿಗೆ ಮರಳಿದವು. ಅದರಲ್ಲಿ ಜಾನಿ ಎಂಬುದರ ಹಲ್ಲುಗಳು ಎಷ್ಟು ಸವೆದಿದ್ದವೆಂದರೆ ದಂತವೈದ್ಯರು ಅದಕ್ಕೆ ಕ್ಯಾಪ್ ಕೂರಿಸಬೇಕಾಯಿತು. ಕೆನಡಾ 2019ರಲ್ಲಿ, ಫ್ರಾನ್ಸ್ 2021ರಲ್ಲಿ ಇಂಥ ಸೆರೆಯ ವಿರುದ್ಧ ಕಾನೂನನ್ನೇ ಮಾಡಿದವು. ದಾರಿ ಇದೆ. ಗಿರಾಕಿ ಇರುವವರೆಗೆ ಆ ದಾರಿ ಹಿಡಿಯುವ ದರ್ದು ಮಾಲೀಕರಿಗಿಲ್ಲ. ಗಿರಾಕಿ ಎಂದರೆ ನಾವು.

ಡಾಲ್ಫಿನ್ ನೋಡಲೇಬೇಕೆ? ನಮ್ಮ ಕಡಲಿನಲ್ಲೇ ಇವೆ. ಕಾರವಾರದಲ್ಲಿ ಕಾಳಿ ನದಿ ಕಡಲು ಸೇರುವ ಕಡೆ, ದೇವಬಾಗ, ಕೂರ್ಮಗಡದ ಸುತ್ತಮುತ್ತ ಗೂನುಬೆನ್ನಿನ ಡಾಲ್ಫಿನ್‌ಗಳು ಮೀನಿನ ಬೆನ್ನು ಹತ್ತಿ ಬರುತ್ತವೆ. ಒಮ್ಮೊಮ್ಮೆ ಬೆನ್ನು ಮಾತ್ರ ಕಾಣಿಸುತ್ತದೆ, ಒಮ್ಮೊಮ್ಮೆ ಏನೂ ಕಾಣಿಸುವುದಿಲ್ಲ. ಚೆಂಡು ಆಡುವುದಿಲ್ಲ, ಮುತ್ತು ಕೊಡುವುದಿಲ್ಲ. ಅಳಿವಿನಂಚಿನ ಜೀವ ಅದು, ಬಲೆಗೆ ಸಿಕ್ಕಿ ಸಾಯುವುದೂ ಉಂಟು. ಆದ್ದರಿಂದ ದೋಣಿಯವನಿಗೆ ಮೊದಲೇ ಹೇಳಿ: ಅಟ್ಟಿಸಿಕೊಂಡು ಹೋಗಬೇಡ, ಎಂಜಿನ್ ತಗ್ಗಿಸು, ದೂರದಲ್ಲೇ ನಿಲ್ಲಿಸು. ಗೋವೆಯಲ್ಲಿ ‘ಡಾಲ್ಫಿನ್ ಕಾಣದಿದ್ದರೆ ದುಡ್ಡಿಲ್ಲ’ ಎಂಬ ಕರಾರಿನ ದೋಣಿಗಳುಂಟು. ಅವುಗಳನ್ನು ಹತ್ತಬೇಡಿ. ಕಾಣಿಸಿಯೇ ತೀರಬೇಕು ಎಂಬ ಹಟ ಅಟ್ಟಿಸಿಕೊಂಡು ಹೋಗುವಂತೆ ಮಾಡುತ್ತದೆ.

ಈಗ ಕೆಲಸದ ಮಾತು. ಪ್ಯಾಕೇಜ್ ಬುಕ್ ಮಾಡುವಾಗ ಏಜೆಂಟರನ್ನು ಕೇಳಿ: ಡಾಲ್ಫಿನ್ ಇರುವ ಐಟಂ ಯಾವುದಾದರೂ ಇದೆಯೇ, ಇದ್ದರೆ ತೆಗೆದು ಅದರ ಬದಲು ಬೇರೆ ಏನು ಕೊಡುತ್ತೀರಿ? ‘ಎಲ್ಲ ಸೇರಿ ಒಂದೇ ರೇಟು, ತೆಗೆದರೂ ದುಡ್ಡು ಕಡಿಮೆ ಆಗಲ್ಲ’ ಎಂಬ ಉತ್ತರ ಬಂದೀತು. ಆದರೂ ತೆಗೆಸಿ, ಯಾಕೆ ಬೇಡ ಎಂಬುದನ್ನು ಬರವಣಿಗೆಯಲ್ಲಿ ಕೊಡಿ. ಹತ್ತು ಗಿರಾಕಿಗಳು ಹೀಗೆ ಬರೆದುಕೊಟ್ಟರೆ ಮುಂದಿನ ಸೀಸನ್ನಿನ ಜಾಹೀರಾತಿನಲ್ಲಿ ಆ ಸಾಲು ಇರುವುದು ಅನುಮಾನ. ಶಾಲೆ, ಅಪಾರ್ಟ್‌ಮೆಂಟ್ ಸಂಘ, ಕಂಪನಿಯ ಟೂರ್ ಗುಂಪುಗಳಾದರೆ ಇನ್ನೂ ಸುಲಭ, ನಿಮ್ಮದೇ ಪಟ್ಟಿ, ನಿಮ್ಮದೇ ಷರತ್ತು. ದುಬೈನಲ್ಲೇ ನೆಲೆಸಿರುವ ಕನ್ನಡಿಗರೇ, ಊರಿನಿಂದ ಬರುವ ನೆಂಟರನ್ನು ಸುತ್ತಾಡಿಸುವ ಪಟ್ಟಿಯಿಂದ ಇದನ್ನು ಮೊದಲು ಹೊಡೆದುಹಾಕುವವರು ನೀವಾಗಿ.

ಈ ಕರಪತ್ರ ಓದಿಯಾದ ಮೇಲೆ ಬಿಸಾಡಬೇಡಿ. ಪಾಸ್‌ಪೋರ್ಟ್ ಮಾಡಿಸಿಕೊಂಡು ಕೂತಿರುವ ಪಕ್ಕದ ಮನೆಯವರಿಗೆ ಕೊಡಿ.