ಗುಲಾಬಿಯ ಟಿವಿ, ಮುಖ ಕಾಣದ ಸಾಹುಕಾರ

ಗಿರೀಶ್ ಕಾಸರವಳ್ಳಿಯವರ 'ಗುಲಾಬಿ ಟಾಕೀಸ್' (2008) ನಮ್ಮವರಲ್ಲಿ ಎಷ್ಟು ಜನ ನೋಡಿದ್ದಾರೋ. ನೋಡದಿದ್ದರೆ ಒಂದು ರಜೆಯ ದಿನ ಮನೆಯವರನ್ನೂ ಕೂರಿಸಿಕೊಂಡು ನೋಡಿ. ವೈದೇಹಿಯವರ ಕಥೆಯಲ್ಲಿ ಇರುವುದು ಊರಿಗೆ ಬಂದ ಟಾಕೀಸು. ಕಾಸರವಳ್ಳಿ ಚಿತ್ರಕಥೆ ಬರೆಯುವಾಗ ಅದನ್ನು ಬಣ್ಣದ ಟಿವಿ ಮಾಡಿದರು, ಸೂಲಗಿತ್ತಿಯನ್ನು ಮುಸ್ಲಿಂ ಹೆಂಗಸು ಮಾಡಿದರು, ಕಾಲವನ್ನು 1999ರ ಕಾರ್ಗಿಲ್ ಯುದ್ಧದ ದಿನಗಳಿಗೆ ತಂದರು. ಕುಂದಾಪುರ ಕಡೆಯ ಮೀನುಗಾರರ ಕುದ್ರು. ಗಂಡ ಮೂಸ ಇನ್ನೊಂದು ಸಂಸಾರ ಮಾಡಿಕೊಂಡಿದ್ದಾನೆ. ಹೆರಿಗೆ ಮಾಡಿಸಿದ್ದಕ್ಕೆ ಸಿಕ್ಕಿದ ಟಿವಿ ನೋಡಲು ಹೆಂಗಸರು ಅವಳ ಗುಡಿಸಲಿಗೆ ಬರುತ್ತಾರೆ. ಕೆಲವರು ಒಳಗೆ ಕಾಲಿಡದೆ ಹೊರಗೇ ನಿಂತು ನೋಡುತ್ತಾರೆ. (ಹಾಗೆ ಹೊರಗೆ ನಿಲ್ಲುವವರನ್ನು ನಮಗೆ ಬೇರೆ ಪರಿಚಯ ಮಾಡಿಸಬೇಕಾಗಿಲ್ಲ.) ಗುಲಾಬಿಯ ಪಾತ್ರಕ್ಕೆ ಉಮಾಶ್ರೀಗೆ ರಾಷ್ಟ್ರಪ್ರಶಸ್ತಿ ಬಂತು.

ಆದರೆ ನಮ್ಮನ್ನು ಹೆಚ್ಚು ಕಾಡಿದವನು ಬೇರೊಬ್ಬ. ದೊಡ್ಡ ದೊಡ್ಡ ಟ್ರಾಲ್ ಬೋಟುಗಳ ಮಾಲೀಕ, ಮುಸ್ಲಿಂ ವ್ಯಾಪಾರಿ. ಸಣ್ಣ ಮೀನುಗಾರರ ಸಿಟ್ಟೆಲ್ಲ ಅವನ ಮೇಲೆ. ಸಿನಿಮಾ ಮುಗಿಯುವವರೆಗೂ ಅವನ ಮುಖ ಮಾತ್ರ ಕಾಣುವುದಿಲ್ಲ. ಆ ಸಿಟ್ಟು ಬಂದು ಬೀಳುವುದು ಗುಲಾಬಿಯ ಮನೆಯ ಮೇಲೆ. ಅವಳನ್ನು ಬಲವಂತವಾಗಿ ದೋಣಿ ಹತ್ತಿಸುತ್ತಾರೆ. ಪರದೇಶದ ದುಡ್ಡಿನ ಬಗ್ಗೆ ಊರಿನಲ್ಲಿ ನಡೆಯುವ ಮಾತೂ ಹೀಗೇ ಅಲ್ವಾ? ಟೆರೇಸು ಮನೆ ಕಾಣುತ್ತದೆ, ಕಾರು ಕಾಣುತ್ತದೆ. ವೀಸಾಕ್ಕೆಂದು ಅಡವಿಟ್ಟ ಉಮ್ಮನ ಚಿನ್ನ, ತಡೆಹಿಡಿದ ಸಂಬಳ, ಇವು ಕಾಣುವುದಿಲ್ಲ. ದುಡಿದವನೂ ಕಾಣುವುದಿಲ್ಲ.

ಯುರೋಪಿನಲ್ಲಿ ಪಾಲ್ ಲಾವರ್ಟಿ ಎಂಬ ಚಿತ್ರಕಥೆಗಾರರಿದ್ದಾರೆ. ಹುಟ್ಟಿದ್ದು ಕಲ್ಕತ್ತಾದಲ್ಲಿ, ಕಲಿತದ್ದು ವಕೀಲಿಕೆ. ನಿರ್ದೇಶಕ ಕೆನ್ ಲೋಚ್ ಅವರ ಜೊತೆ ದುಡಿಯುವ ಜನರ ಕಥೆಗಳನ್ನೇ ಬರೆದುಕೊಂಡು ಬಂದವರು. ಲಾಸ್ ಏಂಜಲೀಸಿನ ಕಸ ಗುಡಿಸುವ ವಲಸೆ ಕೆಲಸಗಾರರ ಬಗ್ಗೆ 'ಬ್ರೆಡ್ ಅಂಡ್ ರೋಸಸ್' (2000) ಬರೆದರು. 'ಇಟ್ಸ್ ಎ ಫ್ರೀ ವರ್ಲ್ಡ್' (2007) ಇನ್ನೂ ಖಾರ. ಅದರ ನಾಯಕಿ ಲಂಡನ್ನಿನ ಲೇಬರ್ ಏಜೆಂಟ್. ಕೆಲಸ ಕಳಕೊಂಡ, ಒಬ್ಬಳೇ ಮಗನನ್ನು ಸಾಕುವ ಹೆಂಗಸು. ತಾನೂ ಏಟು ತಿಂದವಳೇ. ಅವಳೇ ವಲಸಿಗರ ಕೂಲಿ ಬಾಕಿ ಇಡುತ್ತಾಳೆ. ಆ ಚಿತ್ರಕಥೆಗೆ ವೆನಿಸ್‌ನಲ್ಲಿ ಪ್ರಶಸ್ತಿ ಬಂತು. ನಮಗೆ ವೀಸಾ ಮಾರಿದವನೂ ಹೆಚ್ಚಿನ ಸಲ ನಮ್ಮ ನೆಂಟನೇ, ನಮ್ಮ ಜಮಾಅತಿನವನೇ. ಅವನ ಕಥೆ ಯಾರು ಬರೆಯುವುದು?

ಕಾಸರವಳ್ಳಿ ಬರೆಯಲಿ ಎನ್ನುವುದು ಸುಲಭ. ಮಣಿಪಾಲದಲ್ಲಿ ಫಾರ್ಮಸಿ ಓದಿ ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿಗೆ ಹೋದ ಅವರ ದೊಡ್ಡ ಸಿನಿಮಾಗಳಿಗೆಲ್ಲ ಹಿಂದೆ ಒಂದು ಕನ್ನಡ ಕಥೆ ಇತ್ತು. ಪಿಂಚಣಿಗೆ ಅಲೆಯುವ ತಬರನನ್ನು ತೇಜಸ್ವಿ ಮೊದಲು ಬರೆದಿದ್ದರು, 'ಹಸೀನಾ'ದ ಕಥೆಯನ್ನು ಬಾನು ಮುಷ್ತಾಕ್ ಬರೆದಿದ್ದರು. ಮಲಯಾಳಿಗಳ 'ಆಡುಜೀವಿತಂ' 2024ರಲ್ಲಿ ತೆರೆಗೆ ಬಂದದ್ದೂ ಬೆನ್ಯಾಮಿನ್ 2008ರಲ್ಲೇ ಕಾದಂಬರಿ ಬರೆದಿದ್ದರಿಂದ. ಅದಕ್ಕೂ ಮೊದಲು ಸೌದಿಯ ಮರುಭೂಮಿಯಲ್ಲಿ ಆಡು ಕಾದವರೊಬ್ಬರು ತಮ್ಮ ಪಾಡನ್ನು ಅವರಿಗೆ ಬಾಯಿ ಬಿಟ್ಟು ಹೇಳಿದ್ದರು.

ನಮ್ಮಲ್ಲಿ ಬಾಯಿ ಬಿಡುವವರಿಲ್ಲ. ಚಿಕಾಗೊ ಬದಿಯ ಹಾಫ್‌ಮನ್ ಎಸ್ಟೇಟ್ಸ್‌ನಲ್ಲಿ ಲೆಕ್ಕ ಬರೆಯುವ ನಾವೂ, ಜುಬೈಲಿನ ಕ್ಯಾಂಪಿನಲ್ಲಿ ಆರು ಜನರ ಕೋಣೆಯಲ್ಲಿ ಮಲಗುವವರೂ ಊರಿಗೆ ಫೋನ್ ಮಾಡಿ ಹೇಳುವುದು ಒಂದೇ: "ಅಲ್‌ಹಂದುಲಿಲ್ಲಾಹ್, ಸುಖ." ಮನೆಯವರ ನಿದ್ದೆ ಕೆಡಬಾರದೆಂದು ಹಾಗೆ ಹೇಳುವುದು ಸರಿಯೇ. ಆದರೆ ಈ ಪತ್ರಿಕೆಯಲ್ಲಿ ಹೇಳಬಹುದಲ್ಲ? ಏಜೆಂಟನಿಗೆ ಕೊಟ್ಟದ್ದೆಷ್ಟು, ಅಲ್ಲಿ ಹೋಗಿ ಸಿಕ್ಕಿದ್ದೆಷ್ಟು, ಪಾಸ್‌ಪೋರ್ಟ್ ಯಾರ ಕೈಯಲ್ಲಿತ್ತು ಎಂಬಷ್ಟನ್ನಾದರೂ ಬರೆಯಿರಿ. ಬರೆಯಲು ಬಾರದವರು ಫೋನಿನಲ್ಲಿ ಮಾತಾಡಿ ರೆಕಾರ್ಡ್ ಮಾಡಿ ಕಳಿಸಲಿ, ಬರೆದುಕೊಳ್ಳುವ ಕೆಲಸ ನಾವು ಮಾಡುತ್ತೇವೆ. ಹೆಸರು ಹಾಕುವುದು ಬೇಡ ಅಂದರೆ ಬೇಡ.