ಎತ್ತಿಗೆ ಜ್ವರ, ಎಮ್ಮೆಗೆ ಬರೆ

ಆಸ್ಟ್ರೇಲಿಯಾದ ಕಲ್ಲಿದ್ದಲು ಹೊತ್ತ ‘ಜಗ್ ಆನಂದ್’ ಎಂಬ ಭಾರತೀಯ ಹಡಗು 2020ರ ಜೂನ್ 13ರಂದು ಚೀನಾದ ಜಿಂಗ್‌ಟಾಂಗ್ ಬಂದರಿನ ಹೊರಗೆ ಲಂಗರು ಹಾಕಿತು. ಅದರಲ್ಲಿದ್ದ 23 ಭಾರತೀಯ ನಾವಿಕರು ಅಲ್ಲಿಂದ ಕದಲಿದ್ದು ಮರುವರ್ಷದ ಜನವರಿಯಲ್ಲಿ, ಅದೂ ಸರಕು ಇಳಿಸದೆಯೇ, ಜಪಾನಿನ ಕಡೆಗೆ. ಸೆಪ್ಟೆಂಬರ್‌ನಿಂದ ‘ಅನಸ್ತಾಸಿಯಾ’ ಎಂಬ ಇನ್ನೊಂದು ಹಡಗಿನಲ್ಲೂ 16 ಭಾರತೀಯರು ಹೀಗೇ ಸಿಕ್ಕಿಬಿದ್ದಿದ್ದರು. ಕೋವಿಡ್ ನಿಯಮ ಎಂದು ಚೀನಾ ಹೇಳಿತು. ಇವರ ನಂತರ ಬಂದ ಕೆಲವು ಹಡಗುಗಳು ಮಾತ್ರ ಸರಕು ಇಳಿಸಿ ಹೊರಟೇ ಹೋದವು. ಸುಂಕದವನ ಮುಂದೆ ಸುಖದುಃಖ ಹೇಳಿಕೊಂಡಂತಾಯಿತು ನಾವಿಕರ ಪಾಡು.

ಜಗಳ ಅವರದಾಗಿರಲಿಲ್ಲ. ಅವರ ದೇಶದ್ದೂ ಅಲ್ಲ.

ಆ ವರ್ಷದ ಏಪ್ರಿಲ್‌ನಲ್ಲಿ ಆಸ್ಟ್ರೇಲಿಯಾದ ಅಂದಿನ ಪ್ರಧಾನಿ ಸ್ಕಾಟ್ ಮಾರಿಸನ್, ಕೊರೊನಾ ವೈರಸ್‌ನ ಮೂಲದ ಬಗ್ಗೆ ಸ್ವತಂತ್ರ ತನಿಖೆಯಾಗಲಿ ಎಂದಿದ್ದರು. 2018ರಲ್ಲೇ ಹುವಾವೆ ಕಂಪನಿಯನ್ನು 5ಜಿ ಜಾಲದಿಂದ ಹೊರಗಿಟ್ಟ ಸಿಟ್ಟೂ ಬೀಜಿಂಗ್‌ನಲ್ಲಿ ಆರಿರಲಿಲ್ಲ. ಮೇ ತಿಂಗಳಲ್ಲಿ ಬಾರ್ಲಿಯ ಮೇಲೆ ಶೇ 80.5ರಷ್ಟು ಸುಂಕ ಬಿತ್ತು. ದನದ ಮಾಂಸ, ಮರದ ದಿಮ್ಮಿ, ಲಾಬ್‌ಸ್ಟರ್, ಕಲ್ಲಿದ್ದಲು ಒಂದರ ಹಿಂದೊಂದು ತಡೆಗೆ ಸಿಕ್ಕವು. 2021ರ ಮಾರ್ಚ್ ಹೊತ್ತಿಗೆ ವೈನ್ ಮೇಲಿನ ಸುಂಕ ಶೇ 218ರವರೆಗೂ ಏರಿತು. ಕಾಗದದ ಮೇಲೆ ಕೊಟ್ಟ ಕಾರಣಗಳು ಬೇರೆ: ಒಂದಕ್ಕೆ ಡಂಪಿಂಗ್, ಇನ್ನೊಂದಕ್ಕೆ ಕೀಟಬಾಧೆ.

ಆದರೆ ಈ ಸಿಟ್ಟಿಗೂ ಲೆಕ್ಕಾಚಾರ ಗೊತ್ತಿತ್ತು. ಚೀನಾ ಆಮದು ಮಾಡಿಕೊಳ್ಳುವ ಕಬ್ಬಿಣದ ಅದಿರಿನಲ್ಲಿ ಅರ್ಧಕ್ಕಿಂತ ಹೆಚ್ಚು ಆಸ್ಟ್ರೇಲಿಯಾದ್ದು. ಅದನ್ನು ಯಾರೂ ಮುಟ್ಟಲಿಲ್ಲ. 2021ರ ಮೇ ತಿಂಗಳಲ್ಲಿ ಅದಿರಿನ ಬೆಲೆ ಟನ್ನಿಗೆ 200 ಡಾಲರ್ ದಾಟಿದಾಗಲೂ ಚೀನಾದ ಉಕ್ಕಿನ ಕಾರ್ಖಾನೆಗಳು ಕೇಳಿದಷ್ಟು ಕೊಟ್ಟು ಕೊಂಡವು. ಗಣಿ ಕಂಪನಿಗಳು ಹಣ ಎಣಿಸಿಕೊಳ್ಳುತ್ತಿದ್ದಾಗ, ದ್ರಾಕ್ಷಿ ಬೆಳೆದವರು ಕೊಳ್ಳುವವರಿಲ್ಲದೆ ಕೂತಿದ್ದರು.

ಬಾರ್ಲಿ ಬೆಳೆದವರಿಗೆ ಸೌದಿ ಅರೇಬಿಯಾ, ಮೆಕ್ಸಿಕೊ ಸಿಕ್ಕವು. ಕಲ್ಲಿದ್ದಲು ಭಾರತ, ಜಪಾನಿನತ್ತ ತಿರುಗಿತು. 2021ರ ಶರತ್ಕಾಲದಲ್ಲಿ ವಿದ್ಯುತ್ ಕೈಕೊಟ್ಟು ತನ್ನ ಕಾರ್ಖಾನೆಗಳು ನಿಂತಾಗ, ಬಂದರಿನಲ್ಲೇ ಕೊಳೆಹಾಕಿದ್ದ ಆಸ್ಟ್ರೇಲಿಯಾದ ಕಲ್ಲಿದ್ದಲನ್ನು ಚೀನಾ ಸದ್ದಿಲ್ಲದೆ ಹೊರತೆಗೆಯಿತು. ದ್ರಾಕ್ಷಿಗೆ ಆ ಅನುಕೂಲವಿಲ್ಲ. ನೆಟ್ಟ ಬಳ್ಳಿ ಫಸಲು ಕೊಡಲು ಮೂರು ವರ್ಷ ಬೇಕು. ಚೀನಾದ ನಾಲಿಗೆಗೆಂದೇ ಕೆಂಪು ವೈನ್ ದ್ರಾಕ್ಷಿ ಹಾಕಿದವರು ಮರುದಿನ ಬೇರೆ ಬೆಳೆಗೆ ಹಾರುವಂತಿರಲಿಲ್ಲ. ವರ್ಷಕ್ಕೆ ನೂರು ಕೋಟಿ ಆಸ್ಟ್ರೇಲಿಯನ್ ಡಾಲರ್ ಮೀರಿದ್ದ ವ್ಯಾಪಾರ ಹೆಚ್ಚುಕಡಿಮೆ ಬತ್ತಿಹೋಯಿತು.

ನಾಯಕರ ನಡುವಿನ ಮುನಿಸು ಕರಗಿತು. 2022ರಲ್ಲಿ ಆಸ್ಟ್ರೇಲಿಯಾದಲ್ಲಿ ಸರ್ಕಾರ ಬದಲಾಯಿತು. ಹೊಸ ಪ್ರಧಾನಿ ಆಂಟನಿ ಆಲ್ಬನೀಸ್ ಬಾಲಿಯಲ್ಲಿ ಷಿ ಜಿನ್‌ಪಿಂಗ್ ಅವರ ಕೈ ಕುಲುಕಿದರು, ಮರುವರ್ಷ ಬೀಜಿಂಗ್‌ಗೂ ಹೋಗಿ ಬಂದರು. 2023ರ ಆಗಸ್ಟ್‌ನಲ್ಲಿ ಬಾರ್ಲಿಯ, 2024ರ ಮಾರ್ಚ್‌ನಲ್ಲಿ ವೈನ್‌ನ ಸುಂಕ ಹೋಯಿತು. ಅದೇ ಮಾರ್ಚ್‌ನಲ್ಲಿ ಆಸ್ಟ್ರೇಲಿಯಾದ ದ್ರಾಕ್ಷಿ ಸೀಮೆ ಗ್ರಿಫಿತ್‌ನ ಸುತ್ತಮುತ್ತಲ ರೈತರು ಯಂತ್ರ ತರಿಸಿ ಬಳ್ಳಿ ಕೀಳಿಸುತ್ತಿದ್ದರು. ಜಗತ್ತು ವೈನ್ ಕುಡಿಯುವುದೂ ಕಡಿಮೆಯಾಗಿತ್ತು, ನಿಜ. ಆದರೆ ಕೈತಪ್ಪಿದ ಚೀನಾ ಆ ಹೊರೆಯನ್ನು ಹೊರಲಾರದಷ್ಟು ಮಾಡಿತು.

ಸ್ವತಂತ್ರ ತನಿಖೆ ಕೇಳಿದ್ದು ತಪ್ಪಲ್ಲ. ಆದರೆ ದೊಡ್ಡ ಗಿರಾಕಿಯನ್ನು ಎದುರು ಹಾಕಿಕೊಳ್ಳುವ ಸರ್ಕಾರ, ಅದರ ಬಿಲ್ಲು ಯಾರ ಹೊಲಕ್ಕೆ ಹೋಗುತ್ತದೆಂದು ಮೊದಲೇ ನೋಡಿ ಪರಿಹಾರದ ಹಣ ಎತ್ತಿಡಬೇಕು. ಭಾರತಕ್ಕೂ ಇದರಲ್ಲಿ ಪಾಲಿದೆ. ಜಗತ್ತಿನ ಹಡಗುಗಳಿಗೆ ಅತಿ ಹೆಚ್ಚು ನಾವಿಕರನ್ನು ಕೊಡುವ ದೇಶಗಳಲ್ಲಿ ನಮ್ಮದೂ ಒಂದು. ಸರಕಿನ ವ್ಯಾಜ್ಯ ಎಷ್ಟು ವರ್ಷವಾದರೂ ನಡೆಯಲಿ, ಗುತ್ತಿಗೆ ಮುಗಿದ ನಾವಿಕನನ್ನು ಇಳಿಸಿಕೊಳ್ಳಲು ಯಾವ ಬಂದರೂ ಒಲ್ಲೆ ಎನ್ನಕೂಡದು ಎಂಬ ಪಟ್ಟನ್ನು ಅಂತರರಾಷ್ಟ್ರೀಯ ಕಡಲ ಸಂಸ್ಥೆಯಲ್ಲಿ ದೆಹಲಿಯೇ ಹಿಡಿಯಬೇಕು.